ವಿಲೇಜ್ ವ್ಯಾನ್‌ಗಾರ್ಡ್ 1961: ಬಾಸ್ ಸರಿಯಾಗಿ ಕೇಳಿಸಬೇಕಾದರೆ

1961ರ ಜೂನ್ 25, ಭಾನುವಾರ. ನ್ಯೂಯಾರ್ಕಿನ ವಿಲೇಜ್ ವ್ಯಾನ್‌ಗಾರ್ಡ್ ಎಂಬ ನೆಲಮಾಳಿಗೆಯ ಕ್ಲಬ್ಬಿನಲ್ಲಿ ಬಿಲ್ ಇವಾನ್ಸ್ ಟ್ರಯೋ ಎಂಬ ಮೂವರ ಜಾಝ್ ತಂಡ ಮಧ್ಯಾಹ್ನ ಎರಡು, ರಾತ್ರಿ ಮೂರು ಸೆಟ್ ನುಡಿಸಿತು. ಅದರ ಧ್ವನಿಮುದ್ರಣವನ್ನು ಮನೆಯಲ್ಲಿ ಚೆನ್ನಾಗಿ ಕೇಳುವುದು ಹೇಗೆ ಎಂಬುದೇ ಇಲ್ಲಿನ ಮಾತು. ಪಿಯಾನೋದಲ್ಲಿ ಇವಾನ್ಸ್, ಡಬಲ್ ಬಾಸ್‌ನಲ್ಲಿ ಸ್ಕಾಟ್ ಲಫಾರೋ, ಡ್ರಮ್ಸ್‌ನಲ್ಲಿ ಪಾಲ್ ಮೋಟಿಯನ್. ಹನ್ನೊಂದೇ ದಿನಕ್ಕೆ ಲಫಾರೋ ಕಾರು ಅಪಘಾತದಲ್ಲಿ ತೀರಿಕೊಂಡರು, ವಯಸ್ಸು 25.

ಲಫಾರೋ ಇಲ್ಲಿ ಬರೀ ಲಯ ಹಿಡಿದು ನಿಂತಿಲ್ಲ. ಪಿಯಾನೋ ಒಂದು ಮಾತು ಹೇಳಿ ಬಿಟ್ಟ ಜಾಗಕ್ಕೆ ಮೇಲಿನ ಸ್ಥಾಯಿಯಲ್ಲಿ ಉತ್ತರ ಕೊಡುತ್ತಾರೆ. ಹಾಗಾಗಿ ಬಾಸ್ ಮಸುಕಾದರೆ ಅರ್ಧ ಸಂಭಾಷಣೆಯೇ ಹೋಯಿತು. ಅದನ್ನು ಕೆಡಿಸುವುದು ಹೆಚ್ಚಾಗಿ ಆಡಿಯೋ ಫೈಲ್ ಅಲ್ಲ, ನೀವು ಕೂತು ಕೇಳುವ ಕೋಣೆ. ಹತ್ತು ಅಡಿ ಅಂತರದ ಎರಡು ಗೋಡೆಗಳ ನಡುವೆ ಸುಮಾರು 56 ಹರ್ಟ್ಸ್‌ನ ಅನುರಣನ ಹುಟ್ಟುತ್ತದೆ. ಡಬಲ್ ಬಾಸ್‌ನ 'ಎ' ತಂತಿಯನ್ನು ಬೆರಳೊತ್ತದೆ ಮೀಟಿದರೆ ಬರುವುದು 55! ಆ ಒಂದು ಸ್ವರ ಮಾತ್ರ ಗುಂಯ್ ಎಂದು ಉಬ್ಬಿ, ಮುಂದಿನ ಸ್ವರವನ್ನು ನುಂಗುತ್ತದೆ. ಕುರ್ಚಿಯನ್ನು ಗೋಡೆಗೆ ಒರಗಿಸಬೇಡಿ, ಅಲ್ಲಿ ಉಬ್ಬು ಅತಿ ಹೆಚ್ಚು. ಕೋಣೆಯ ನಟ್ಟನಡುವೆಯೂ ಬೇಡ, ಅಲ್ಲಿ ಅದೇ ಸ್ವರ ಸೊರಗುತ್ತದೆ. ಹಿಂದಿನ ಗೋಡೆಯಿಂದ ಮೂರನೇ ಒಂದು ಭಾಗ ಮುಂದೆ ಬಂದು ಕೂತು, ಅಲ್ಲಿಂದ ಅರ್ಧರ್ಧ ಅಡಿ ಸರಿಸುತ್ತಾ ಕೇಳಿ. ಸ್ಪೀಕರ್‌ಗಳನ್ನೂ ಮೂಲೆಯಿಂದ ಈಚೆ ಎಳೆಯಿರಿ. ಬೆರಳು ತಂತಿಗೆ ತಾಗುವ 'ಟಕ್' ಮೊದಲು, ಮರದ ನಾದ ಆಮೇಲೆ, ಎರಡೂ ಬೇರೆಬೇರೆಯಾಗಿ ಕೇಳಿದರೆ ಜಾಗ ಸಿಕ್ಕಿತು.

ಮೋಟಿಯನ್‌ರ ಬ್ರಷ್ ಇನ್ನೊಂದು ಪರೀಕ್ಷೆ. ಸ್ನೇರ್ ಡ್ರಮ್ ಮೇಲೆ ತಂತಿಬ್ರಷ್ ಸುತ್ತುವ ಸದ್ದಿಗೆ ಒಂದು ಒರಟುತನ ಇರಬೇಕು. 128 ಕೆಬಿಪಿಎಸ್‌ನ, ಅಂದರೆ ತುಂಬಾ ಕುಗ್ಗಿಸಿದ ಎಂಪಿ3ಯಲ್ಲಿ ಅದು ನೀರಿನೊಳಗಿಂದ ಬಂದಂತೆ ಕಲಸಿಹೋಗುತ್ತದೆ. ಸಿಂಬಲ್ (ಡ್ರಮ್ಸ್‌ನ ಲೋಹದ ತಟ್ಟೆ) ಮತ್ತು ಚಪ್ಪಾಳೆಯೂ ಅಷ್ಟೇ.

ಅದಕ್ಕೆ 24 ಬಿಟ್, 192 ಕಿಲೋಹರ್ಟ್ಸ್ ಫೈಲೇ ಆಗಬೇಕೆಂದಿಲ್ಲ. ಸಿಡಿಯ 16 ಬಿಟ್‌ಗೆ ಅತಿ ಮೆಲುದನಿಯಿಂದ ಅತಿ ಜೋರಿನವರೆಗೆ ಸುಮಾರು 96 ಡೆಸಿಬಲ್ ವ್ಯಾಪ್ತಿ ಇದೆ. ಆ ಕಾಲದ ಟೇಪಿನದು ಅದಕ್ಕಿಂತ ಬಹಳ ಕಡಿಮೆ. ನನ್ನ ಮಟ್ಟಿಗೆ ಅಂಕಿಗಿಂತ ಮಾಸ್ಟರಿಂಗ್, ಅಂದರೆ ಬಿಡುಗಡೆಗೆ ಮುನ್ನ ಧ್ವನಿಯನ್ನು ಹದಗೊಳಿಸುವ ಕೆಲಸ, ದೊಡ್ಡದು. ಎರಡು ಆವೃತ್ತಿಗಳನ್ನು ಹೋಲಿಸುವ ಮುನ್ನ ವಾಲ್ಯೂಮ್ ಸಮ ಮಾಡಿಕೊಳ್ಳಿ, ಒಂದು ಡೆಸಿಬಲ್ ಜೋರಿದ್ದರೂ ಕಿವಿ ಅದನ್ನೇ ಚೆನ್ನ ಅನ್ನುತ್ತದೆ. ಬ್ಲೂಟೂತ್ ಬಿಟ್ಟು ವೈರ್ ಹಾಕಿ.

ಗ್ಲಾಸುಗಳ ಕಿಣಿಕಿಣಿ, ಮೇಜಿನ ಮಾತು, ಟೇಪಿನ ಹಿಸ್ ಎಂಬ 'ಸುಯ್' ಸದ್ದು ಇರಬೇಕಾದವೇ. ಅವನ್ನು ತೊಳೆದು ತೆಗೆದ ಆವೃತ್ತಿಯಲ್ಲಿ ಸಿಂಬಲ್‌ನ ನಾದ ನಿಧಾನಕ್ಕೆ ಅಡಗುವ ಬಾಲವೂ ಹೋಗಿರುತ್ತದೆ. 'ಗ್ಲೋರಿಯಾಸ್ ಸ್ಟೆಪ್' ಎಂಬ ರಚನೆಯನ್ನು ಮೊದಲ ಸಲ ನುಡಿಸಿದ ಟೇಕ್‌ನಲ್ಲಿ ಧ್ವನಿ ನಡುವೆ ಕಡಿದುಹೋದರೆ ಫೈಲ್ ಕೆಟ್ಟಿದೆ ಎಂದು ಮತ್ತೆ ಇಳಿಸಿಕೊಳ್ಳಬೇಡಿ, ಅಂದು ಅಲ್ಲಿ ಕರೆಂಟ್ ಹೋಗಿತ್ತು.