ಕಷ್ಟದ ಪದಕ್ಕಿಂತ ಸುಲಭದ ಪದಕ್ಕೇ ಹೆಚ್ಚು ಹೆದರಬೇಕು

ಇಂಗ್ಲಿಷ್ ಆಡಿಯೋ ಪುಸ್ತಕಗಳಿಗೆ ದನಿ ಕೊಡುವುದು ನನ್ನ ಕೆಲಸ. ಮೈಕ್ ಮುಂದೆ ಕೂರುವ ಮೊದಲು ಪೆನ್ಸಿಲ್ ಹಿಡಿದು ಇಡೀ ಸ್ಕ್ರಿಪ್ಟ್ ಓದುತ್ತೇನೆ. ಅನುಮಾನದ ಪದ ಸಿಕ್ಕರೆ ಅದರ ತಲೆಯ ಮೇಲೆ ಉಚ್ಚಾರಣೆಯನ್ನು ಕನ್ನಡದಲ್ಲೇ ಬರೆದುಕೊಳ್ಳುತ್ತೇನೆ. ಯಾವ ಅಕ್ಷರವನ್ನು ಒತ್ತಿ ಹೇಳಬೇಕೆಂದು ನಮ್ಮ ಲಿಪಿ ತೋರಿಸುವುದಿಲ್ಲವಾದ್ದರಿಂದ ಆ ಅಕ್ಷರದ ಕೆಳಗೊಂದು ಗೆರೆ. ಉತ್ಪ್ರೇಕ್ಷೆ ಎಂಬರ್ಥದ 'ಹೈಪರ್ಬಲಿ'ಯಲ್ಲಿ ಗೆರೆ 'ಪರ್' ಕೆಳಗೆ. ಕೊನೆಯ 'ಇ' ಸುಮ್ಮನಿದೆ ಅಂದುಕೊಂಡು 'ಹೈಪರ್‌ಬೋಲ್' ಎಂದು ಓದುವವರೇ ಹೆಚ್ಚು.

ಮೂಕ ಅಕ್ಷರಗಳದ್ದು ಇನ್ನೊಂದು ತಮಾಷೆ. ಆಹಾರ ಸಾಮಗ್ರಿ ಎಂಬರ್ಥದ 'ವಿಟಲ್ಸ್' ಪದದ ನಡುವೆ ಬರಹದಲ್ಲಿ ಒಂದು 'ಸಿ' ಕೂತಿರುತ್ತದೆ. ಫ್ರೆಂಚ್ ದಾರಿಯಾಗಿ ಇಂಗ್ಲಿಷಿಗೆ ಬಂದಾಗ ಅದು ಇರಲಿಲ್ಲ. ಲ್ಯಾಟಿನ್ ಮೂಲ ಎದ್ದು ಕಾಣಲಿ ಎಂದು ಆಮೇಲೆ ಸೇರಿಸಿದ್ದು. ಆರೋಪ ಹೊರಿಸು ಎಂಬ 'ಇನ್‌ಡೈಟ್'ನ 'ಸಿ', ಸಾಲ ಎಂಬ 'ಡೆಟ್'ನ 'ಬಿ' ಕೂಡ ಹೀಗೆ ಬಂದವೇ. ಬರಹ ಬದಲಾಯಿತು, ನಾಲಿಗೆ ಕೇಳಲಿಲ್ಲ. ಸರಿ, ಸೂತ್ರ ಸಿಕ್ಕಿತು ಅನ್ನುವ ಹಾಗೂ ಇಲ್ಲ. 'ವರ್ಡಿಕ್ಟ್', 'ಪರ್ಫೆಕ್ಟ್' ಪದಗಳ 'ಸಿ'ಯನ್ನೂ ಲ್ಯಾಟಿನ್ ನೋಡಿಯೇ ಸೇರಿಸಿದ್ದು, ಅಲ್ಲಿ ಮಾತ್ರ ಜನ ಅದನ್ನು ಉಚ್ಚರಿಸಿಬಿಟ್ಟರು! ಹಾಗಾಗಿ ಪ್ರತಿ ಸಲವೂ ನಿಘಂಟು ತೆರೆಯುವುದೇ.

ಇಷ್ಟಾದರೂ ಇಂಥ ಪದಗಳ ಬಗ್ಗೆ ನನಗೆ ಅಷ್ಟು ಚಿಂತೆಯಿಲ್ಲ. ನೋಡಿದರೇ ಅನುಮಾನ ಬರುತ್ತದೆ, ತೆಗೆದು ನೋಡುತ್ತೇವೆ. ಕೈಕೊಡುವುದು ಗೊತ್ತಿರುವ ಪದದಂತೆ ವೇಷ ಹಾಕಿಕೊಂಡು ಬರುವವು. 'ನಾಯ್ಸಮ್' ಅಂದರೆ ಗದ್ದಲದ್ದಲ್ಲ, ಅಸಹ್ಯ ಹುಟ್ಟಿಸುವಂಥದ್ದು, ಗಬ್ಬು ನಾರುವಂಥದ್ದು. ಅದರ ನಂಟು 'ನಾಯ್ಸ್' ಜೊತೆಗಲ್ಲ, 'ಅನಾಯ್' ಜೊತೆಗೆ. 'ಎನರ್ವೇಟ್' ಕೇಳಲು 'ಎನರ್ಜಿ'ಯ ತಮ್ಮನಂತಿದೆ, ಅರ್ಥ ಪೂರಾ ಉಲ್ಟಾ: ಶಕ್ತಿ ಹೀರಿಬಿಡುವುದು. ಉಚ್ಚಾರಣೆ ಸರಿಯಿದ್ದೂ ಇಲ್ಲಿ ಓದು ಕೆಡುತ್ತದೆ. ಬಿಸಿಲಿಗೆ ಮೈಯೆಲ್ಲ ಸೋತುಹೋದ ಪಾತ್ರದ ಸಾಲನ್ನು ಹೊಸಬರು ಹುರುಪಿನಿಂದ ಓದಿದರೆ ಎಡಿಟರ್‌ಗೂ ತಪ್ಪು ಸಿಕ್ಕದಿರಬಹುದು, ಏಕೆಂದರೆ ಒಂದಕ್ಷರವೂ ಆಚೀಚೆ ಆಗಿರುವುದಿಲ್ಲ. ಅದಕ್ಕೇ ಪದ ಪರಿಚಿತ ಅನ್ನಿಸಿದರೂ ವಾಕ್ಯಕ್ಕೆ ಸರಿಹೊಂದುತ್ತಿಲ್ಲ ಎಂದರೆ ಅಲ್ಲೇ ಪೆನ್ಸಿಲ್ ನಿಲ್ಲಿಸುತ್ತೇನೆ.

ಬ್ರಿಟಿಷರ 'ಶೆಡ್ಯೂಲ್', 'ಲೆಫ್ಟೆನೆಂಟ್' ಬೇಕೋ, ಅಮೆರಿಕನ್ನರ 'ಸ್ಕೆಜೂಲ್', 'ಲೂಟೆನೆಂಟ್' ಬೇಕೋ ಎಂಬುದನ್ನು ಮೊದಲ ಮೇಲ್‌ನಲ್ಲೇ ಕೇಳಿಬಿಡುವುದು ಒಳ್ಳೆಯದು. ಪಾತ್ರಗಳ ಹೆಸರಿಗಂತೂ ನಿಘಂಟು ನಂಬಿ ಕೂತರೆ ಆಗದು. ಪಟ್ಟಿ ಮಾಡಿ ಲೇಖಕರಿಗೆ ಕಳಿಸಿ, ಅವರ ಬಾಯಲ್ಲೇ ಒಂದು ವಾಯ್ಸ್ ನೋಟ್ ತರಿಸಿಕೊಳ್ಳುತ್ತೇನೆ.