ಕಾಮಿಡಿ ಡೈರೆಕ್ಟರ್ ಆಗಲು ಕೊಚ್ಚಿಗೆ ಹೋಗಬೇಕೋ, ಬೆಂಗಳೂರಿಗೋ?

ಕೇರಳದ ಕಾಸರಗೋಡು ಜಿಲ್ಲೆಯ ಕುಂಬಳೆ, ಬದಿಯಡ್ಕ, ಮಂಜೇಶ್ವರ ಕಡೆಯ ಮಕ್ಕಳು ಕಾಲೇಜು ಮುಗಿಸುವ ಹೊತ್ತಿಗೆ ಕೇಳುವ ಪ್ರಶ್ನೆ ಹೆಚ್ಚುಕಡಿಮೆ ಒಂದೇ. "ನನಗೆ ಕಾಮಿಡಿ ಡೈರೆಕ್ಟ್ ಮಾಡಬೇಕು. ಓದಿದ್ದು ಕನ್ನಡ ಮೀಡಿಯಂ, ಮನೆಯಲ್ಲಿ ತುಳು, ಪೇಟೆಯಲ್ಲಿ ಮಲಯಾಳ. ಕೊಚ್ಚಿಗೆ ಹೋಗುವುದೋ, ಬೆಂಗಳೂರಿಗೋ? ಸಿನಿಮಾದವರ ಹತ್ತಿರ ಸೇರುವುದೋ, ಸೀರಿಯಲ್‌ನವರ ಹತ್ತಿರವೋ?"

ಎರಡನೆಯ ಪ್ರಶ್ನೆಗೆ ಮೊದಲು ಉತ್ತರ ಹೇಳುತ್ತೇನೆ, ಯಾಕೆಂದರೆ ದೊಡ್ಡದು ಅದೇ. ಸೀರಿಯಲ್‌ನವರ ಹತ್ತಿರ ಸೇರಿ. ಸೇರಿದ ಮೇಲೆ ಆದಷ್ಟು ಬೇಗ ಎಡಿಟಿಂಗ್ ರೂಮಿನಲ್ಲಿ ಕೂರುವ ಅವಕಾಶ ಮಾಡಿಕೊಳ್ಳಿ.

ನಗು ಬರಬೇಕಾದಲ್ಲಿ ಬರಲಿಲ್ಲ ಎಂದಾದರೆ ತಪ್ಪು ಎಲ್ಲಿ ಎಂದು ಹುಡುಕುವುದು ಕಾಮಿಡಿ ಡೈರೆಕ್ಟರ್ ಕಲಿಯಬೇಕಾದ ಮುಖ್ಯ ವಿದ್ಯೆ. ಬರವಣಿಗೆಯಲ್ಲೋ, ನಟನಲ್ಲೋ, ಕ್ಯಾಮೆರಾ ಇಟ್ಟ ಜಾಗದಲ್ಲೋ, ಕಟ್ ಮಾಡಿದ ಕಡೆಯಲ್ಲೋ? ಸಿನಿಮಾದಲ್ಲಿ ಇವತ್ತು ತೆಗೆದ ಸೀನನ್ನು ಜನ ನೋಡುವಾಗ ಎಷ್ಟೋ ಸಲ ವರ್ಷವೇ ಕಳೆದಿರುತ್ತದೆ. ತೆಗೆದ ದಿನ ಯಾಕೆ ಹಾಗೆ ತೆಗೆದೆವು ಎಂಬುದೇ ಅಷ್ಟರಲ್ಲಿ ಮರೆತುಹೋಗಿರುತ್ತದೆ. ದಿನಾ ಬರುವ ಸೀರಿಯಲ್‌ನಲ್ಲಿ ತೆಗೆದದ್ದು ಮರುದಿನವೇ ಎಡಿಟಿಗೆ ಕೂರುತ್ತದೆ, ಒಂದೆರಡು ವಾರದೊಳಗೆ ಪ್ರಸಾರವಾಗುತ್ತದೆ. ವಾರಕ್ಕೆ 5 ಎಪಿಸೋಡ್ ಎಂದರೆ ವರ್ಷಕ್ಕೆ 260. ಅರ್ಧ ಗಂಟೆಯ ಸ್ಲಾಟಿನಲ್ಲಿ ಜಾಹೀರಾತು ಕಳೆದು ಉಳಿಯುವುದು ಸುಮಾರು 22 ನಿಮಿಷ. ಅಷ್ಟನ್ನು ಪ್ರತಿ ಸಲವೂ ತುಂಬಿಸಬೇಕು, ತಪ್ಪಿದ್ದನ್ನು ಮುಂದಿನ ವಾರ ತಿದ್ದಬಹುದು. ಅದೇ ಒಂದು ವರ್ಷದಲ್ಲಿ ಸಿನಿಮಾದ ಅಸಿಸ್ಟೆಂಟಿಗೆ ಸಿಗುವುದು ಹೆಚ್ಚೆಂದರೆ ಒಂದೆರಡು ಚಿತ್ರ.

ಈ ದಾರಿ ಹೊಸತೇನಲ್ಲ. 'ಸಿಲ್ಲಿ ಲಲ್ಲಿ' ಧಾರಾವಾಹಿ ನಿರ್ದೇಶಿಸಿದ ವಿಜಯಪ್ರಸಾದ್ ಆಮೇಲೆ 2012ರಲ್ಲಿ 'ಸಿದ್ಲಿಂಗು', 2016ರಲ್ಲಿ 'ನೀರ್ ದೋಸೆ' ಮಾಡಿದರು. ಫಣಿ ರಾಮಚಂದ್ರ ಅವರದು ತಿರುಗಿದ ಲೆಕ್ಕ: 1990ರ 'ಗಣೇಶನ ಮದುವೆ' ಗೆದ್ದು ಕೆಲವು ವರ್ಷಗಳಾದ ಮೇಲೆ ಟಿವಿಗೆ 'ದಂಡಪಿಂಡಗಳು' ಮಾಡಿದರು. ಮಲಯಾಳದಲ್ಲಿ ಸಿದ್ದೀಕ್–ಲಾಲ್ ಜೋಡಿ ಕೊಚ್ಚಿಯ ಕಲಾಭವನದ ಮಿಮಿಕ್ರಿ ವೇದಿಕೆಯಿಂದ ಬಂದು, ನಿರ್ದೇಶಕ ಫಾಸಿಲ್ ಅವರ ಹತ್ತಿರ ಸಹಾಯಕರಾಗಿ ದುಡಿದು, 1989ರಲ್ಲಿ 'ರಾಮ್‌ಜೀರಾವ್ ಸ್ಪೀಕಿಂಗ್' ತೆಗೆದರು. ಮಿಮಿಕ್ರಿ ವೇದಿಕೆಯಲ್ಲಿ ಉತ್ತರ ಆ ಕ್ಷಣದಲ್ಲೇ ಸಿಗುತ್ತದೆ: ಜನ ನಗುತ್ತಾರೆ, ಇಲ್ಲವೇ ಕೆಮ್ಮುತ್ತಾರೆ. ಆ ತರಬೇತಿ ಇಲ್ಲದವರಿಗೆ ಟಿವಿಯೇ ಗತಿ.

ಆದರೆ ಟಿವಿ ಕೆಲವು ಕೆಟ್ಟ ಅಭ್ಯಾಸಗಳನ್ನೂ ಅಂಟಿಸುತ್ತದೆ. ಎಲ್ಲಕ್ಕಿಂತ ಕೆಟ್ಟದ್ದು ಪ್ರಾಂಪ್ಟಿಂಗ್. ಎಷ್ಟೋ ಸೆಟ್‌ಗಳಲ್ಲಿ ಅಸಿಸ್ಟೆಂಟ್ ಕ್ಯಾಮೆರಾ ಪಕ್ಕ ನಿಂತು ಸಂಭಾಷಣೆಯನ್ನು ಗಟ್ಟಿಯಾಗಿ ಓದುತ್ತಾರೆ, ನಟರು ಕೇಳಿಸಿಕೊಂಡು ಹೇಳುತ್ತಾರೆ. ಅಳುವ ಸೀನಿನಲ್ಲಿ ಅದು ಹೇಗೋ ನಡೆದುಹೋಗುತ್ತದೆ. ಕಾಮಿಡಿಯಲ್ಲಿ ನಡೆಯುವುದಿಲ್ಲ. ಎದುರಿನವನ ಮಾತಿಗೆ ಬೆಚ್ಚಬೇಕಾದ ಮುಖ ತನ್ನ ಮುಂದಿನ ಸಾಲಿಗೆ ಕಿವಿಕೊಟ್ಟು ಕಾಯುತ್ತಿರುತ್ತದೆ; ಪ್ರತಿಕ್ರಿಯೆ ಸತ್ತೇಹೋಗುತ್ತದೆ. ಹದಿನೈದು ನಿಮಿಷ ಖರ್ಚಾದರೂ ಪರವಾಗಿಲ್ಲ, ಎಲ್ಲರನ್ನೂ ಕೂರಿಸಿ ಸೀನನ್ನು ಎರಡು ಸಲ ಓದಿಸಿ, ಕಾಗದ ಕಿತ್ತುಕೊಂಡು ಶೂಟ್ ಮಾಡಿ. ಒಂದೆರಡು ಶಬ್ದ ಆಚೀಚೆ ಆದರೆ ಆಗಲಿ.

ನಗು ಎಲ್ಲೆಲ್ಲಿ ಸೋರಿಹೋಗುತ್ತದೆ ಎಂದು ಒಂದು ಸೀನು ಹಿಡಿದು ನೋಡೋಣ. ಬದಿಯಡ್ಕದ ಹತ್ತಿರ ಒಂದು ನಿಶ್ಚಿತಾರ್ಥದ ಮನೆ. ಹುಡುಗಿಯ ತಂದೆ ಪುರೋಹಿತರ ದಾರಿ ನೋಡುತ್ತಿದ್ದಾರೆ. ಭಾವ ಬೈಕಿನಲ್ಲಿ ಕೂರಿಸಿ ಕರೆತಂದದ್ದು ಇನ್ಯಾರದೋ ಮನೆಯ ತಿಥಿಗೆ ಹೊರಟಿದ್ದ ಭಟ್ರನ್ನು. ಭಟ್ರು ಜಗಲಿಯಲ್ಲಿ ಕೂತು ಚೀಲ ಬಿಚ್ಚಿ ಎಳ್ಳು ಕೇಳುತ್ತಾರೆ.

ಮೊದಲನೆಯದು ಬರವಣಿಗೆ. "ಎಳ್ಳು ಸ್ವಲ್ಪ ಕೊಟ್ಟರೆ ನಾವು ಕೆಲಸ ಶುರು ಮಾಡಬಹುದಿತ್ತು" ಎಂದು ಬರೆದರೆ ಕೆಟ್ಟಿತು. ನಗು ಹುಟ್ಟುವುದು 'ಎಳ್ಳು' ಎಂಬಲ್ಲಿ. ಉಳಿದ ಆರು ಶಬ್ದ ಆ ನಗುವಿನ ಮೇಲೆ ಮಣ್ಣು ಹಾಕುತ್ತವೆ. ಕನ್ನಡದ ವಾಕ್ಯದಲ್ಲಿ ಕ್ರಿಯಾಪದ ಕೊನೆಗೆ ಬರುವುದರಿಂದ ಈ ತೊಂದರೆ ಹೆಜ್ಜೆಹೆಜ್ಜೆಗೂ ಇದೆ. "ಬಾಳೆಲೆ ಉಂಟು. ದರ್ಭೆ ನಾನೇ ತಂದಿದ್ದೇನೆ. ಇನ್ನು... ಎಳ್ಳು?" ಎಂದು ಒಡೆದರೆ ಶಬ್ದ ತನ್ನ ಜಾಗಕ್ಕೆ ಬಂತು.

ಎರಡನೆಯದು ನಟ. ಭಟ್ರ ಪಾತ್ರಧಾರಿಗೆ ಇದು ತಮಾಷೆ ಎಂದು ಗೊತ್ತು. ಹಾಗಾಗಿ ಕಣ್ಣರಳಿಸಿ, ಸ್ವರ ಎಳೆದು ಹೇಳುತ್ತಾನೆ. ಅವನಿಗೆ "ಕಡಿಮೆ ಮಾಡು" ಎಂದರೆ ಪ್ರಯೋಜನವಿಲ್ಲ, ಸಪ್ಪೆಯಾಗುತ್ತಾನೆ ಅಷ್ಟೇ. ಅವನಿಗೊಂದು ಅವಸರ ಕೊಡಿ: "ಹನ್ನೊಂದು ಗಂಟೆಗೆ ಮುಳ್ಳೇರಿಯದಲ್ಲಿ ಇನ್ನೊಂದು ಮನೆ ಉಂಟು, ಬಸ್ಸು ತಪ್ಪಿದರೆ ನಡೆಯಬೇಕು." ಈಗ ಅವನು ಎಳ್ಳನ್ನು ನಿಜವಾಗಿಯೂ ಕೇಳುತ್ತಾನೆ. ತಂದೆಗೂ ಒಂದು ಕೆಲಸ ಇರಲಿ: ಹುಡುಗನ ಕಡೆಯವರಿಗೆ ಇದು ಕೇಳಿಸಬಾರದು.

ಮೂರನೆಯದು ಕ್ಯಾಮೆರಾ. ಟಿವಿಯ ಅಭ್ಯಾಸದಂತೆ ಭಟ್ರ ಕ್ಲೋಸಪ್, ತಂದೆಯ ಕ್ಲೋಸಪ್, ಭಾವನ ಕ್ಲೋಸಪ್ ಎಂದು ಹಾರಬೇಡಿ. ಮೂವರೂ ಒಂದೇ ಫ್ರೇಮಿನಲ್ಲಿ, ಹಿಂದಿನ ಬಾಗಿಲಲ್ಲಿ ಹುಡುಗನ ಅತ್ತೆ ಅರ್ಧ ಕಾಣುವಂತೆ ದೂರದಿಂದ ಒಂದು ವೈಡ್ ಶಾಟ್ ಇಡಿ. ಯಾರ ಮುಖ ನೋಡಬೇಕೆಂದು ನೋಡುವವರೇ ಆರಿಸಿಕೊಳ್ಳಲಿ. ಕ್ಲೋಸಪ್ ಬೇಕೇ ಬೇಕು ಎಂದಾದರೆ 'ಎಳ್ಳು' ಎಂಬ ಮಾತು ತಂದೆಯ ಮುಖದ ಮೇಲೆ ಬೀಳಲಿ, ಹೇಳಿದವನ ಮುಖದ ಮೇಲಲ್ಲ.

ಕೊನೆಯದು ಎಡಿಟ್. ಟಿವಿಯಲ್ಲಿ ಸೆಕೆಂಡಿಗೆ 25 ಫ್ರೇಮ್, ಅಂದರೆ 25 ಬಿಡಿ ಚಿತ್ರ. 'ಎಳ್ಳು' ಮುಗಿದ ಮೇಲೆ ತಂದೆ ಬಾಯಿ ತೆರೆಯುವ ಮೊದಲು 20 ಫ್ರೇಮ್ ಬಿಟ್ಟು ನೋಡಿ, ಆಮೇಲೆ 12, ಆಮೇಲೆ 30. ಮೂರನ್ನೂ ವಿಷಯ ಗೊತ್ತಿಲ್ಲದ ಯಾರಿಗಾದರೂ ತೋರಿಸಿ. ಸಂಗತಿ ತಲೆಗೆ ಹತ್ತುವಷ್ಟು ಹೊತ್ತು ಬೇಕು, ಮುಂದಿನದನ್ನು ಊಹಿಸುವಷ್ಟು ಹೊತ್ತು ಕೊಡಬಾರದು. ಅಲ್ಲಿ 'ಟೊಂಯ್' ಎಂಬ ಸದ್ದು ಹಾಕಿದರೆ ಇಷ್ಟು ಹೊತ್ತು ಪಟ್ಟ ಶ್ರಮವೆಲ್ಲ ನೀರಿಗೆ. ಆ ಸದ್ದು ನೋಡುವವರಿಗೆ ನಗಲು ಹೇಳುತ್ತದೆ. ಹೇಳಿಸಿಕೊಂಡು ಯಾರೂ ನಗುವುದಿಲ್ಲ.

ಇದೇ ಸೀನು ಸಿನಿಮಾಕ್ಕಾದರೆ ಇನ್ನೊಂದು ಲೆಕ್ಕ ಸೇರುತ್ತದೆ. ಟಾಕೀಸಿನಲ್ಲಿ ದೊಡ್ಡ ನಗು ಎರಡು ಮೂರು ಸೆಕೆಂಡ್ ನಿಲ್ಲುತ್ತದೆ, ಆ ಗದ್ದಲದಲ್ಲಿ ಮುಂದಿನ ಮಾತು ಕೇಳಿಸುವುದಿಲ್ಲ. ಹಾಗೆಂದು ಖಾಲಿ ಬಿಟ್ಟರೆ, ಜನ ಕಡಿಮೆ ಇರುವ ಶೋದಲ್ಲಿ ಆ ಜಾಗ ಬಿಕೋ ಎನ್ನುತ್ತದೆ. ಮಾತಿಲ್ಲದ ಕೆಲಸವೊಂದನ್ನು ಅಲ್ಲಿಡಬೇಕು. ಕಿವಿ ಮಂದವಾದ ಅಜ್ಜಿ ಒಳಗಿನಿಂದ ಎಳ್ಳಿನ ಡಬ್ಬಿ ಹಿಡಿದುಕೊಂಡು ಬರಲಿ. ನಕ್ಕವರಿಗೆ ಅದು ಎರಡನೆಯ ನಗು, ನಗದವರಿಗೆ ಕಥೆ ಮುಂದೆ ಹೋಯಿತು.

ಇನ್ನು ಊರಿನ ಪ್ರಶ್ನೆ. ಒಂದು ಪುಟದ ಜಗಳವನ್ನು ಕನ್ನಡ, ತುಳು, ಮಲಯಾಳ ಮೂರರಲ್ಲೂ ಬರೆಯಿರಿ, ಒಂದರಿಂದ ಇನ್ನೊಂದಕ್ಕೆ ಅನುವಾದಿಸದೆ. ಆಯಾ ಭಾಷೆಯವರ ಮುಂದೆ ಓದಿ. ಎಲ್ಲಿ ಹೆಚ್ಚು ನಕ್ಕರೋ ಆ ಭಾಷೆಯ ಊರಿಗೆ ಹೋಗಿ. ಮಲಯಾಳವಾದರೆ ಕೊಚ್ಚಿ, ಕನ್ನಡವಾದರೆ ಬೆಂಗಳೂರು; ಎರಡೂ ಒಂದು ರಾತ್ರಿಯ ಪ್ರಯಾಣ. ತುಳುವಾದರೆ ಮಂಗಳೂರು, ಕಾಸರಗೋಡು ಪೇಟೆಯಿಂದ ಸುಮಾರು 50 ಕಿಲೋಮೀಟರ್, ಬೆಳಗಿನ ರೈಲಿಗೆ ಹೋಗಿ ರಾತ್ರಿ ಮನೆಗೆ ಬರಬಹುದು. 2014ರ 'ಚಾಲಿಪೋಲಿಲು' ತೋರಿಸಿದಂತೆ ತುಳು ಕಾಮಿಡಿಗೆ ಟಾಕೀಸು ತುಂಬಿಸುವ ಜನ ಇದ್ದಾರೆ. ದೇವದಾಸ್ ಕಾಪಿಕಾಡ್, ವಿಜಯಕುಮಾರ್ ಕೊಡಿಯಾಲ್‌ಬೈಲ್ ಅಂಥವರು ಸಿನಿಮಾಕ್ಕೆ ಬಂದದ್ದು ನಾಟಕದಿಂದ. ಒಂದೇ ನಾಟಕವನ್ನು ಬೇರೆ ಬೇರೆ ಊರಲ್ಲಿ ಮತ್ತೆ ಮತ್ತೆ ಆಡುವ ತಂಡದ ಹಿಂದೆ ಒಂದು ಸೀಸನ್ ತಿರುಗಿದರೂ ಟಿವಿಯಷ್ಟೇ ಕಲಿಯಬಹುದು.

ಭಾಷೆಯ ಗಡಿ ದಾಟಬಾರದೆಂದು ಕಾನೂನೇನೂ ಇಲ್ಲ. ಕಾಞಂಗಾಡಿನ ಸೆನ್ನಾ ಹೆಗ್ಡೆ 2018ರಲ್ಲಿ ಕನ್ನಡದಲ್ಲಿ 'ಕಥೆಯೊಂದು ಶುರುವಾಗಿದೆ' ಮಾಡಿದರು. ಆಮೇಲೆ ತಮ್ಮೂರಿನಲ್ಲೇ ನಡೆಯುವ ಕಥೆಯ ಮಲಯಾಳ ಚಿತ್ರ 'ತಿಂಕಳಾಳ್ಚ ನಿಶ್ಚಯಂ' ತೆಗೆದು, ಅತ್ಯುತ್ತಮ ಮಲಯಾಳ ಚಿತ್ರದ ರಾಷ್ಟ್ರಪ್ರಶಸ್ತಿ ಪಡೆದರು. ಒಂದು ಮನೆ, ಒಂದು ನಿಶ್ಚಿತಾರ್ಥ, ದೊಡ್ಡ ಸ್ಟಾರ್ ಯಾರೂ ಇಲ್ಲ.

ನಟರ ವಿಷಯದಲ್ಲಿ ನಮ್ಮ ಜಿಲ್ಲೆ ನಿಜಕ್ಕೂ ಶ್ರೀಮಂತ. 2022ರ 'ನ್ನಾ ತಾನ್ ಕೇಸ್ ಕೊಡ್' ಚಿತ್ರದಲ್ಲಿ ಮ್ಯಾಜಿಸ್ಟ್ರೇಟ್ ಆದ ಪಿ. ಪಿ. ಕುಞ್ಞಿಕೃಷ್ಣನ್ ಇಲ್ಲಿನ ನಿವೃತ್ತ ಮಾಸ್ತರರು, ಆ ಪಾತ್ರಕ್ಕೆ ರಾಜ್ಯಪ್ರಶಸ್ತಿಯೇ ಬಂತು. ಯಕ್ಷಗಾನದ ಹಾಸ್ಯಗಾರರನ್ನು ಕರೆಯುವುದಾದರೆ ಒಂದು ಎಚ್ಚರ ಬೇಕು. ಬಾಹುಕನಂಥ ಹಾಸ್ಯದ ಪಾತ್ರ ಮಾಡುವವರ ಸಮಯಪ್ರಜ್ಞೆಗೆ ಸಾಟಿಯಿಲ್ಲ. ಆದರೆ ಅವರ ಸ್ವರ ಬಯಲಿಗೆ ಪಳಗಿದ್ದು, ನಗು ಬಂದ ಮೇಲೆಯೇ ಮುಂದಿನ ಮಾತು ಎಂಬುದು ರಕ್ತದಲ್ಲಿರುವ ಅಭ್ಯಾಸ. ಸೆಟ್ಟಿನಲ್ಲಿ ನಗುವವರಿಲ್ಲ, ಅವರು ಕಾಯುತ್ತಾರೆ, ಸೀನು ಕುಂಟುತ್ತದೆ. ಮೊದಲ ದಿನ ಕ್ಯಾಮೆರಾ ಇಲ್ಲದೆ ಚಾವಡಿಯಲ್ಲಿ ಎದುರುಬದುರು ಕೂರಿಸಿ, ಪಕ್ಕದ ಕೋಣೆಯಲ್ಲಿ ಮಗು ಮಲಗಿದೆ ಎಂದು ಹೇಳಿ ಮಾತಾಡಿಸಿ. ಸ್ವರವೂ ಇಳಿಯುತ್ತದೆ, ವೇಗವೂ ಬರುತ್ತದೆ. ಆಡುಮಾತಿನ ರಾಗವನ್ನೇ ಜೋಕ್ ಮಾಡಬೇಡಿ. "ಎಂತ ಮಾರಾಯ" ಎಂದದ್ದಕ್ಕೇ ನಗಿಸುವ ಡೈರೆಕ್ಟರ್ ನಮ್ಮ ಜನರನ್ನು ಸಣ್ಣದು ಮಾಡುತ್ತಾರೆ, ಮತ್ತು ಆ ನಗು ಎರಡನೇ ಎಪಿಸೋಡಿಗೆ ಮುಗಿದುಹೋಗುತ್ತದೆ.

ಸಿನಿಮಾ ಶಾಲೆಗೆ ಹೋಗುವ ಶಕ್ತಿ ಇದ್ದರೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ (ಎಫ್‌ಟಿಐಐ) ಇದೆ, ಕೋಟ್ಟಯಂ ಜಿಲ್ಲೆಯ ತೆಕ್ಕುಂತಲದಲ್ಲಿ ಕೆ. ಆರ್. ನಾರಾಯಣನ್ ಸಂಸ್ಥೆ ಇದೆ. ನಟರನ್ನು ನಡೆಸುವುದು ಕಲಿಯಲು ಹೆಗ್ಗೋಡಿನ ನೀನಾಸಂ ಇದೆ. ಒಳ್ಳೆಯದೇ, ಆದರೆ ಕಡ್ಡಾಯವಲ್ಲ.

ಯುನಿಟ್ ಸೇರಿದರೆ ಮೊದಲು ಸಿಗುವುದು ಕ್ಲಾಪ್ ಬೋರ್ಡ್ ಹಿಡಿಯುವ ಕೆಲಸ ಮತ್ತು ಕಂಟಿನ್ಯುಟಿ, ಅಂದರೆ ಒಂದು ಶಾಟಿಗೂ ಇನ್ನೊಂದಕ್ಕೂ ಎಲ್ಲ ಹೊಂದುವಂತೆ ಬರೆದಿಡುವುದು. ಕಂಟಿನ್ಯುಟಿಯನ್ನು ಗುಮಾಸ್ತಿಕೆ ಎಂದುಕೊಳ್ಳಬೇಡಿ. ಲೋಟ ಯಾವ ಕೈಯಲ್ಲಿತ್ತು ಎಂಬ ಒಂದು ತಪ್ಪಿನಿಂದ ಎಡಿಟರ್ ನಗು ಬರುವ ಟೇಕನ್ನೇ ಬಿಟ್ಟು ಸಪ್ಪೆ ಟೇಕ್ ಇಡಬೇಕಾಗುತ್ತದೆ. ಅಲ್ಲಿಂದ ಅಸೋಸಿಯೇಟ್, ಆಮೇಲೆ ಎಪಿಸೋಡ್ ಡೈರೆಕ್ಟರ್. ಸಾಮಾನ್ಯವಾಗಿ ಕೆಲವು ವರ್ಷ ಹಿಡಿಯುತ್ತದೆ. ಸೀನ್ ಪೇಪರ್, ಅಂದರೆ ಶೂಟಿಂಗಿಗೆ ಬೇಕಾದ ಸೀನಿನ ಸಂಭಾಷಣೆ, ಬರೆಯಬಲ್ಲವರು ಬೇಗ ಮೇಲೇರುತ್ತಾರೆ.

ಸಿನಿಮಾಕ್ಕೆ ದಾಟುವಾಗ ಕಾಮಿಡಿಯವರು ಮರೆಯುವ ಒಂದು ಕಾಗದ ಇದೆ. ನಾಯಿ, ದನ, ಅಂಕದ ಕೋಳಿ ಏನೇ ಬಳಸುವುದಿದ್ದರೂ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿಯನ್ನು ಶೂಟಿಂಗಿಗೆ ಮೊದಲೇ ಪಡೆಯಬೇಕು. ಇಲ್ಲದಿದ್ದರೆ ಸೆನ್ಸಾರಿನಲ್ಲಿ ಚಿತ್ರ ನಿಲ್ಲುತ್ತದೆ, ಆಗ ಆ ಸೀನು ಕಿತ್ತರೆ ಕಥೆಯ ಕೊಂಡಿಯೇ ತಪ್ಪುತ್ತದೆ. ದ್ವಂದ್ವಾರ್ಥದ ಸಾಲುಗಳಿದ್ದರೆ ಆ ಸಾಲಿಲ್ಲದ ಒಂದು ಟೇಕ್ ಕೂಡ ತೆಗೆದಿಡಿ. ಮ್ಯೂಟ್ ಆದ ಜೋಕಿಗಿಂತ ಕೆಟ್ಟದ್ದು ಇನ್ನೊಂದಿಲ್ಲ.

ಕೆಲಸ ಕೇಳಲು ಹೋಗುವಾಗ ಒಯ್ಯಬೇಕಾದ ರೀಲ್, ಅಂದರೆ ನಿಮ್ಮ ಕೆಲಸದ ಮಾದರಿ ವೀಡಿಯೊ: ಮೂರು ನಿಮಿಷ, ಮೂರು ಜನ, ಒಂದೇ ಜಾಗ, ಹಿನ್ನೆಲೆ ಸಂಗೀತ ಇಲ್ಲ. ಮೊಬೈಲಿನಲ್ಲಿ ತೆಗೆದರೂ ಆದೀತು, ಶಬ್ದ ಮಾತ್ರ ಶುದ್ಧವಾಗಿರಬೇಕು. ಪ್ರತಿಯೊಬ್ಬರಿಗೂ ಕಾಲರ್ ಮೈಕ್ ಹಾಕಿ, ಫ್ಯಾನ್ ಮತ್ತು ಫ್ರಿಜ್ ಆಫ್ ಮಾಡಿ. ಜೂನ್‌ನಿಂದ ಸೆಪ್ಟೆಂಬರ್ ತನಕ ಶೀಟಿನ ಮಾಡಿನ ಕೆಳಗೆ ಶೂಟ್ ಮಾಡಲೇಬೇಡಿ, ಮಳೆಯ ಸದ್ದಿನಲ್ಲಿ ಪಂಚ್ ಮುಳುಗುತ್ತದೆ. ಸಂಜೆಯಾದರೆ ಜೀರುಂಡೆ, ತೋಟದ ಬದಿಯ ಸೀನುಗಳನ್ನು ಬೆಳಿಗ್ಗೆಯೇ ಮುಗಿಸಿ. ವೀಡಿಯೊ ಜೊತೆಗೆ ಆ ಮೂರು ನಿಮಿಷದ ಸ್ಕ್ರಿಪ್ಟನ್ನೂ ಕೊಡಿ, ಶೂಟಿಂಗಿನಲ್ಲಿ ಹೊಡೆದುಹಾಕಿದ ಸಾಲುಗಳು ಕಾಣುವ ಹಾಗೆ. ಅನುಭವಿ ಡೈರೆಕ್ಟರ್ ವೀಡಿಯೊ ಹಾಕುವ ಮೊದಲು ಆ ಹೊಡೆದ ಸಾಲುಗಳನ್ನೇ ಓದುತ್ತಾರೆ.