ದೆವ್ವ ಎಲ್ಲೈತ್ರಿ ಅಂತ ಕೇಳುವವರಿಗೆ

ಧಾರವಾಡದ ಮಾಳಮಡ್ಡಿಯ ನಮ್ಮ ಮನೆಯಲ್ಲಿ ಆಗಾಗ ಗೋಡೆಗೆ ಬಿಳಿ ಪಂಚೆ ಕಟ್ಟಿ ಹಳೆಯ ಸಿನಿಮಾ ಹಾಕುತ್ತೇನೆ. ಅಮೆರಿಕದ ನಿರ್ದೇಶಕ ರಾಜರ್ ಕಾರ್ಮನ್‌ನ ಭಯದ ಸಿನಿಮಾ ಇದ್ದ ದಿನ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ: "ಸರ, ಇದರಾಗ ದೆವ್ವ ಎಲ್ಲೈತ್ರಿ?" ಹೇಳಿ ಹೇಳಿ ಸಾಕಾಗಿದೆ. ಬರೆದಿಡುತ್ತೇನೆ, ಇನ್ನು ಕೇಳಬೇಡಿ.

ದೆವ್ವ ಇಲ್ಲ. ಮನೆ ಇದೆ.

ಈ ಪ್ರಶ್ನೆಯನ್ನು ಕಾರ್ಮನ್‌ಗೇ ಕೇಳಿದ್ದರು. ಅಮೆರಿಕದ ಕಥೆಗಾರ ಎಡ್ಗರ್ ಅಲನ್ ಪೋ 1839ರಲ್ಲಿ ಬರೆದ ಅಷರ್ ಮನೆಯ ಕಥೆಯನ್ನು ಅವನು 1960ರಲ್ಲಿ ಸಿನಿಮಾ ಮಾಡಿದ. ಬಿರುಕು ಬಿಟ್ಟ ಮನೆ, ಅದರೊಳಗೆ ಒಬ್ಬ ಅಣ್ಣ, ಒಬ್ಬ ತಂಗಿ. ರಾಕ್ಷಸ ಎಲ್ಲಿ ಅಂದರು ದುಡ್ಡು ಹಾಕುವವರು. ಮನೆಯೇ ರಾಕ್ಷಸ ಅಂದ. 15 ದಿನದಲ್ಲಿ ಶೂಟಿಂಗ್ ಮುಗಿಸಿದ. ಕಾಡ್ಗಿಚ್ಚು ಬಿದ್ದ ಜಾಗಕ್ಕೆ ಹೋಗಿ ಮೊದಲ ದೃಶ್ಯ ತೆಗೆದ. ಆ ಬೂದಿ, ಆ ಕರಕಲು ಮರ ಎಲ್ಲ ನಿಜವಾದದ್ದೇ. ಆಮೇಲೆ 1964ರೊಳಗೆ ಪೋ ಹೆಸರಲ್ಲಿ ಇನ್ನೂ ಏಳು ಸಿನಿಮಾ ತೆಗೆದ. ಅಗ್ಗದ ಸಿನಿಮಾದವನು ಅಂತ ಅವನನ್ನು ತಳ್ಳಿಹಾಕುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಸುಮ್ನೆ ಕೂತು ಒಂದನ್ನಾದರೂ ಪೂರ್ತಿ ನೋಡಿದ್ದಾರಾ?

ಹೋದ ಬೇಸಗೆಯಲ್ಲಿ ಈ ಅಷರ್ ಸಿನಿಮಾ ಹಾಕಿದಾಗ ಪಕ್ಕದ ಮನೆಯವರು ಅದೇ ಪ್ರಶ್ನೆ ಕೇಳಿ ಅರ್ಧಕ್ಕೇ ಎದ್ದು ಹೋದರು. ನಮ್ಮ ಅತ್ತೆ ಏಳಲಿಲ್ಲ. ಅವಳಿಗೆ ಇಂಗ್ಲಿಷ್ ಬಾರದು. ಪಕ್ಕದಲ್ಲಿ ಕೂತು ನಾನೇ ಹೇಳುತ್ತಿದ್ದೆ. ಸ್ವಲ್ಪ ಹೊತ್ತಿಗೆ ಕೇಳಿದಳು: "ಅಲ್ಲೋ, ಆ ಅಣ್ಣ ತಂಗೀನ್ನ ಯಾಕ ಹೊರಗ ಬಿಡವಲ್ಲ?"

ಇದು ಪ್ರಶ್ನೆ! ಇಷ್ಟು ವರ್ಷದಲ್ಲಿ ಇದನ್ನು ಒಬ್ಬರೂ ಕೇಳಿರಲಿಲ್ಲ. ಪೋ ಕಥೆಯಲ್ಲಿ ಆ ಮನೆಗೆ ಬರುವವನು ಅಣ್ಣನ ಗೆಳೆಯ. ತಂಗಿ ಒಂದು ಮಾತೂ ಆಡುವುದಿಲ್ಲ. ಚಿತ್ರಕಥೆ ಬರೆದ ರಿಚರ್ಡ್ ಮ್ಯಾಥೆಸನ್ ಆ ಗೆಳೆಯನನ್ನು ತಂಗಿಗೆ ಮದುವೆ ಗೊತ್ತಾದ ಗಂಡು ಮಾಡಿಬಿಟ್ಟ. ಈಗ ತಂಗಿಗೆ ಹೊರಗೆ ಹೋಗುವ ಆಸೆ ಬಂತು. ಅಣ್ಣನಿಗೆ ತಡೆಯುವ ಕೆಲಸ ಬಂತು. ನಮ್ಮ ರಕ್ತವೇ ಕೆಟ್ಟದ್ದು, ಈ ವಂಶ ನಮಗೇ ಮುಗಿಯಲಿ ಅನ್ನುತ್ತಾನೆ. ಅಣ್ಣನ ಪಾತ್ರ ಮಾಡಿದ ವಿನ್ಸೆಂಟ್ ಪ್ರೈಸ್ ಅದನ್ನು ಎಷ್ಟು ಮೆತ್ತಗೆ ಹೇಳುತ್ತಾನೆ ಅಂದರೆ, ಪ್ರೀತಿಯಿಂದಲೇ ಹೇಳುತ್ತಿದ್ದಾನೆ ಅನ್ನಿಸುತ್ತದೆ. ನನಗೆ ಭಯವಾಗುವುದು ಅಲ್ಲಿ.

ಗೋಡೆಯ ಬಿರುಕು ಕಂಡಾಗ ಅತ್ತೆ ನನ್ನ ಮೊಣಕೈ ಹಿಡಿದಳು. "ನವಲಗುಂದದಾಗ ನಮ್ಮ ಮನಿ ಗ್ವಾಡೀನೂ ಹಿಂಗ ಬಿಡತಿತ್ತು." ಅಲ್ಲಿಯದು ಎರೆ ನೆಲ. ಬೇಸಗೆಗೆ ಬಾಯಿ ಬಿಡುತ್ತದೆ, ಮಳೆಗೆ ಉಬ್ಬಿ ಮುಚ್ಚಿಕೊಳ್ಳುತ್ತದೆ. ಜೊತೆಗೆ ಗೋಡೆಯೂ. ಸಣ್ಣವಳಿದ್ದಾಗ ಅತ್ತೆ ಆ ಬಿರುಕಿನೊಳಗೆ ಒಂದು ನಾಲ್ಕಾಣೆ ಬಚ್ಚಿಟ್ಟಿದ್ದಳಂತೆ. ಮಳೆಗಾಲ ಬಂತು, ಬಿರುಕು ಕೂಡಿಕೊಂಡಿತು. ರಾತ್ರಿ ಗೋಡೆಗೆ ಕಿವಿಯಿಟ್ಟು ಮಲಗುತ್ತಿದ್ದಳಂತೆ.

ಕೊನೆಗೆ ಅಷರ್ ಮನೆ ಉರಿದು ಬಿತ್ತು. ಲೈಟ್ ಹಾಕಿದೆ. ಅತ್ತೆ ಇನ್ನೂ ಪಂಚೆಯನ್ನೇ ನೋಡುತ್ತಿದ್ದಳು.

"ಗ್ವಾಡಿ ಒಳಗಿದ್ದದ್ದು ಏನಾತೋ?" ಅಂದಳು.